ಕೊಳ್ಳೇಗಾಲದ ಬಸ್‌ಸ್ಟ್ಯಾಂಡಿನಲ್ಲಿ ಗೂಢಚಾರಿಕೆ

ಗುಟ್ಟು ಬಚ್ಚಿಡುವ ವಿದ್ಯೆ ನನ್ನ ಹಣೆಯಲ್ಲಿ ಬರೆದಿಲ್ಲ. ಮನೆಯವರಿಗೆ ಗೊತ್ತಾಗದಂತೆ ಒಂದು ಪೊಟ್ಟಣ ಖಾರಾಬೂಂದಿ ತಂದರೂ ಅದನ್ನು ಬೀದಿಯ ತಿರುವಿನಲ್ಲೇ ನಾಲ್ಕು ಜನಕ್ಕೆ ತೋರಿಸಿ ಬರುವವನು ನಾನು. ಇಂಥವನನ್ನು ಮಗಳು ಸಿಂಧು ಕಂಪ್ಯೂಟರಿನ ಮುಂದೆ ಕೂರಿಸಿ ಗೂಢಚಾರನನ್ನಾಗಿ ಮಾಡಲು ಹೊರಟಳು.

ಆ ಆಟದ ನಾಯಕಿ ಒಬ್ಬ ಗೂಢಚಾರಿಣಿ. ಅವಳ ಇಲಾಖೆಯವರೇ ಅವಳನ್ನು ಸೇತುವೆಯಿಂದ ನೂಕಿ, ಸತ್ತಳೆಂದು ಕೈತೊಳೆದುಕೊಂಡಿದ್ದಾರೆ. ಅವಳು ಸತ್ತಿಲ್ಲ. ಈಗ ಕತ್ತಲಲ್ಲಿ ನುಸುಳಿ, ಕಾವಲಿನವರ ಕಣ್ಣಿಗೆ ಬೀಳದೆ, ನೂಕಿದವರಿಗೆಲ್ಲ ತಕ್ಕ ಶಾಸ್ತಿ ಮಾಡಬೇಕು. ಆದರೆ ನನ್ನ ಕೈಗೆ ಸಿಕ್ಕ ಆ ಹೆಣ್ಣುಮಗಳು ಮೊದಲ ಗೇಟನ್ನೇ ದಾಟಲಿಲ್ಲ.

"ಅಪ್ಪಾ, ಎದುರ್ಗೇ ಯಾಕ್ ನುಗ್ತೀಯ? ಇಂದ್ಗಡೆ ಗೋಡೆ ಅತ್ತು!"

"ಗೇಟೇ ತೆಗ್ದದಲ್ಲವ್ವಾ! ಗೋಡೆ ಅತ್ತಿ ಮಂಡಿ ಯಾಕ್ ತರ್ಚ್ಕೋಬೇಕು ಪಾಪ?" ಎನ್ನುವಷ್ಟರಲ್ಲಿ ಢಂ ಎಂದಿತು.

ಪಕ್ಕದಲ್ಲಿ ಅವರೆಕಾಯಿ ಸುಲಿಯುತ್ತ ನೋಡುತ್ತಿದ್ದ ನನ್ನ ಹೆಂಡತಿ ಮಹದೇವಮ್ಮನಿಗೆ ಆಟದ ಧೋರಣೆಯೇ ಹಿಡಿಸಲಿಲ್ಲ. "ಕೊಂದಾಕ್ಬುಟ್ರೆ ಏನ್ ಬಂತವ್ವಾ? ಸತ್ತೋರ್ಗೆ ನಾಚ್ಕೆ ಆಯ್ತದಾ?" ಎಂದಳು. ನಾನು ನಕ್ಕೆ. ನಗಬಾರದಿತ್ತು.

ಏಕೆಂದರೆ ಆಗ ಅವಳೂ ಒಳಗೊಳಗೇ ಕುದಿಯುತ್ತಿದ್ದಳು. ಯಳಂದೂರಿನಲ್ಲಿರುವ ತಂಗಿ ರತ್ನ ಹೊಸ ಮನೆ ಕಟ್ಟಿಸಿ, ಗೃಹಪ್ರವೇಶದ ಪತ್ರದ ಫೋಟೊ ತೆಗೆದು ಮೊಬೈಲಿಗೆ ಕಳಿಸಿ ಸುಮ್ಮನಾಗಿದ್ದಳು. ನಮ್ಮ ಕಡೆ ಒಡಹುಟ್ಟಿದವರನ್ನು ಮನೆಗೆ ಬಂದು, ಕುಂಕುಮ ಇಟ್ಟು ಕರೆಯದಿದ್ದರೆ ಅದು ಕರೆದ ಹಾಗಲ್ಲ. "ನಮ್ ಬಾಗ್ಲಿಗೆ ಬರ್ದೋಳ ಬಾಗ್ಲಿಗೆ ನಾವ್ ಓಗದಾ? ನೀವೂ ಓಗ್ಕೂಡ್ದು ಕಣ್ರಿ" ಎಂದು ಅಪ್ಪಣೆಯಾಯಿತು. ಇನ್ನು ಅಕ್ಕತಂಗಿಯರ ಮಾತುಕತೆ ಮುಗಿದಂತೆಯೇ ಎಂದು ನನಗೆ ದಿಗಿಲು. ರತ್ನನ ಗಂಡ, ಅಂದರೆ ನನ್ನ ಷಡ್ಡಕ, ಜೀವದ ಗೆಳೆಯ ಬೇರೆ. ಮೇಲಾಗಿ ಅಲ್ಲಿ ಬೇಳೆ ಹೋಳಿಗೆ.

ಗೃಹಪ್ರವೇಶದ ದಿನ ಬೆಳಗ್ಗೆಯೇ ಮಹದೇವಮ್ಮ, "ಬಂಡಳ್ಳಿಗೆ ಓಗಿ ಅವ್ವನ್ನ ನೋಡ್ಕಂಡ್ ಬತ್ತೀನಿ" ಎಂದು ಹೊರಟಳು. ನಾನು ರೇಷ್ಮೆ ಪಂಚೆಯನ್ನು ತರಕಾರಿ ಚೀಲದಲ್ಲಿ ಸುತ್ತಿಟ್ಟುಕೊಂಡು, ಗೋಡೆಯ ನೆರಳಿನಲ್ಲೇ ಹೆಜ್ಜೆಯಿಟ್ಟು ಬಸ್‌ಸ್ಟ್ಯಾಂಡಿಗೆ ನಡೆದೆ. ಆಟ ಬರೆದವರು ಕೊಳ್ಳೇಗಾಲ ನೋಡಿದವರಲ್ಲ. ಇಲ್ಲಿ ಎಲ್ಲಿಗೆಂದು ಹೇಳದೆ ಬಸ್ಸು ಹತ್ತುವ ಗಂಡು ಇನ್ನೂ ಹುಟ್ಟಿಲ್ಲ.

"ಎತ್ಲಾಗೆ ಸಾ?" ಎಂದ ಆಟೋದ ನಿಂಗಪ್ಪ. ಹಲ್ಲುನೋವು, ಚಾಮರಾಜನಗರಕ್ಕೆ ಎಂದೆ. ಟೀ ಅಂಗಡಿಯವನು ಕೇಳಿದಾಗ ಗಾಬರಿಯಲ್ಲಿ ಕೋರ್ಟಿಗೆ ಎಂದುಬಿಟ್ಟೆ. ನಿಂಗಪ್ಪ ಹಿಂದೆಯೇ ಇದ್ದ. "ಅಲ್ಲುನೋವ್ಗೆ ಜಡ್ಜು ಏನ್ ಮಾಡಾರು ಸಾ?" ಹೂವಿನ ಸಿದ್ದಮ್ಮ ಮಾತ್ರ, "ಓಗ್ಬುಟ್ ಬನ್ನಿ ಅಣ್ಣಾ, ಇವತ್ತು ಎಲ್ರೂ ಆ ಕಡೀಕೇ" ಎಂದು ಸೆರಗು ಅಡ್ಡ ಹಿಡಿದು ನಕ್ಕಳು.

ಯಳಂದೂರಿನಲ್ಲಿ ಪಂಕ್ತಿಯ ಕೊನೆಗೆ, ಬಾಳೆಕಂದಿನ ಮರೆಯಲ್ಲಿ ಕುಳಿತೆ. "ಪಲ್ಯ ಆಕ್ಲಾ?" ಎಂಬ ದನಿ ಕೇಳಿ ತಲೆಯೆತ್ತಿದೆ. ಮಹದೇವಮ್ಮ! ರೇಷ್ಮೆ ಸೀರೆಯ ಸೆರಗು ಸೊಂಟಕ್ಕೆ ಸಿಕ್ಕಿಸಿ, ಕೈಯಲ್ಲಿ ಪಲ್ಯದ ಬಕೆಟ್ಟು ಹಿಡಿದು ನಿಂತಿದ್ದಾಳೆ. ಅದೇ ಬಸ್‌ಸ್ಟ್ಯಾಂಡಿನಲ್ಲಿ ಕೇಳಿದವರಿಗೆಲ್ಲ ನಿಜವನ್ನೇ ಹೇಳಿ, "ನಮ್ಮೋರ್ಗೊಬ್ರಿಗೆ ಏಳ್ಬ್ಯಾಡಿ" ಎಂದು ಬಂದಿದ್ದಳಂತೆ.

ಅವಳ ಹಿಂದೆಯೇ ರತ್ನ ಅಳುಮುಖ ಮಾಡಿಕೊಂಡು, "ಅಕ್ಕಾ, ನೀ ಬಡಿಸ್ಬ್ಯಾಡ, ಕೂತ್ಕೊ ಬಾ" ಎನ್ನುತ್ತಿದ್ದಳು.

"ಕೂತ್ಕೊಳಕ್ಕೆ ನಾನೇನ್ ಕರೆಸ್ಕಂಡ್ ಬಂದೋಳಾ ತಾಯಿ? ಕೆಲ್ಸ ಮಾಡ್ಕೊಡಕ್ಕೆ ಬಂದಿವ್ನಿ."

ಮೆಲ್ಲಗೇ ಹೇಳಿದಳು. ಪಂಕ್ತಿಗೆಲ್ಲ ಕೇಳಿಸಿತು. ರತ್ನ ಒಳಗೆ ಓಡಿ ಕುಂಕುಮದ ಬಟ್ಟಲು ತಂದು, ಅಷ್ಟೂ ಜನರ ಮುಂದೆ ಅಕ್ಕನ ಹಣೆಗಿಟ್ಟು, ಕಾಲು ಹಿಡಿದುಬಿಟ್ಟಳು. "ಏಳವ್ವಾ, ಸಾರು ಆರೋಯ್ತದೆ" ಎಂದು ಮಹದೇವಮ್ಮ ಅವಳನ್ನು ಎತ್ತಿ ತಬ್ಬಿಕೊಂಡಳು. ಇಬ್ಬರೂ ಅತ್ತರು. ಈ ಸಂಭ್ರಮದಲ್ಲಿ ನನ್ನ ಅಪರಾಧ ತೇಲಿಹೋಯಿತೆಂದು ನಾನು ನಿರಾಳವಾಗಿ ಎಲೆಗೆ ಬಾಗಿದೆ.

ಹೋಳಿಗೆಯ ತಟ್ಟೆ ಬಂತು. ತಂದವಳು ಅವಳೇ. ಎಡಬಲದವರಿಗೆ ಎರಡೆರಡು ಬಡಿಸಿದವಳು ನನ್ನ ಎಲೆಗೆ ನಾಲ್ಕು ಹಾಕಿ, ಮೇಲೆ ಧಾರಾಳವಾಗಿ ತುಪ್ಪ ಸುರಿದು, ಪಂಕ್ತಿಯೆಲ್ಲ ತಿರುಗಿ ನೋಡುವಂತೆ ಅಕ್ಕರೆಯಿಂದ ಅಂದಳು: "ತಿನ್ನಿ, ತಿನ್ನಿ. ಪಾಪ, ಇದ್ಕೋಸ್ಕರ ಅಷ್ಟ್ ದೂರದಿಂದ ಕದ್ದು ಬಂದಿದ್ದೀರಿ."

ಮೊದಲ ತುತ್ತು ಬಾಯಿಗಿಟ್ಟೆ. ನೀರು ಕುಡಿದು, ಕಷಾಯ ನುಂಗಿದಂತೆ ಕಣ್ಣುಮುಚ್ಚಿ ಅದನ್ನು ಇಳಿಸಿದೆ. ಕಣ್ಣು ಬಿಟ್ಟರೆ ಎಲೆಯಲ್ಲಿ ಮತ್ತೆರಡು ಬಿದ್ದಿದ್ದವು.