ಮೂರನೇ ಸಲದ ಚಪ್ಪಾಳೆ

ನನ್ನ ಗಂಟಲಿನ ಬಗ್ಗೆ ನನಗೆ ಬಹಳ ಒಳ್ಳೆಯ ಅಭಿಪ್ರಾಯವಿದೆ. ಅದನ್ನು ಮುಚ್ಚಿಟ್ಟುಕೊಂಡು ವಿನಯ ನಟಿಸುವುದು ನನ್ನಿಂದಾಗದ ಕೆಲಸ. ಕೋಲಾರದ ಟೊಮೆಟೊ ಮಾರುಕಟ್ಟೆಯಲ್ಲಿ ಹರಾಜು ಕೂಗುವುದು ನನ್ನ ಉದ್ಯೋಗ. ಬೆಳಗಾದರೆ ಬಾಕ್ಸುಗಳ ಸಾಲಿನ ಮೇಲೆ ಹತ್ತಿ ನಿಂತು, ಕನ್ನಡ, ತೆಲುಗು, ಉರ್ದು ಮೂರನ್ನೂ ಕಲಸಿ ಕೂಗುತ್ತೇನೆ. ಅದು ಮುಳಬಾಗಿಲಿನ ರೈತನಿಗೂ ತಿಳಿಯಬೇಕು, ಯಾವುದೋ ದೂರದ ರಾಜ್ಯದಿಂದ ಲಾರಿ ತಂದ ವ್ಯಾಪಾರಿಗೂ ತಿಳಿಯಬೇಕು. ಬೆಲೆ ಏರುವ ತನಕ ಯಾರು ಬೇಕಾದರೂ ಕೂಗಬಹುದು. ಕಲೆ ಇರುವುದು ಕೊನೆಯಲ್ಲಿ. "ಒಂದ್ಸಲಾ... ಎರಡ್ಸಲಾ... ಮೂರ್ಸಲಾ!" ಎಂದು ನಾನು ಚಪ್ಪಾಳೆ ತಟ್ಟಿದರೆ ಮಾಲು ಹೋದಂತೆ. ಆ ಎರಡಕ್ಕೂ ಮೂರಕ್ಕೂ ನಡುವೆ ಒಂದು ಬಿಡುವು ಇದೆಯಲ್ಲ, ಅದು ನನ್ನ ಬಾಯಲ್ಲಿ ಯಾವತ್ತೂ ಒಂದೇ ಅಳತೆ. ಜ್ವರವಿದ್ದರೂ ಅಷ್ಟೇ, ಹೆಂಡತಿಯೊಡನೆ ಜಗಳವಾಡಿ ಬಂದಿದ್ದರೂ ಅಷ್ಟೇ. ವ್ಯಾಪಾರಿಗಳು ಅದನ್ನೇ ನಂಬಿಕೊಂಡು ಕಲ್ಲಿನ ಹಾಗೆ ನಿಂತಿದ್ದು, ಚಪ್ಪಾಳೆಗೆ ಕೂದಲೆಳೆಯಷ್ಟು ಮುಂಚೆ ಕೈ ಎತ್ತುತ್ತಾರೆ. ಇಂಥ ಬಿಡುವೊಂದು ನಮ್ಮ ಮನೆಗೆ ತಲೆನೋವಾಗಬಹುದೆಂದು ನಾನು ಎಣಿಸಿರಲಿಲ್ಲ.

ನಮ್ಮ ಮಗಳು ಚೈತ್ರಾ ಓಟಗಾರ್ತಿ. ಅವಳದು ಅರವತ್ತು ಮೀಟರ್ ಓಟ, ಅದೂ ಒಳಾಂಗಣದಲ್ಲಿ. ಇದನ್ನು ನನ್ನ ಅಮ್ಮನಿಗೆ ವಿವರಿಸುವಷ್ಟರಲ್ಲಿ ನನಗೆ ಸಾಕುಬೇಕಾಯಿತು. ಅಮ್ಮ ಶ್ರೀನಿವಾಸಪುರದ ಕಡೆಯವಳು. ಸಿಟ್ಟು ಬಂದರೆ, ಆಶ್ಚರ್ಯವಾದರೆ, ದುಃಖವಾದರೆ ತೆಲುಗಿಗೆ ಇಳಿಯುತ್ತಾಳೆ. ಉಳಿದ ಸಮಯದಲ್ಲಿ ಕನ್ನಡ. "ಒಳಗಡೆ ಓಡೋದಾ? ಮಗು ಚಿಕ್ಕದಿದ್ದಾಗ ಮನೆಯೊಳಗೆ ಓಡಬೇಡ, ಪಾತ್ರೆ ಪಗಡೆ ಬೀಳ್ತವೆ ಅಂತ ದಿನಾ ಬೈದೆನಲ್ಲೋ! ಈಗ ಅದಕ್ಕೇ ಪದಕ ಕೊಡ್ತಾರೇನು?" ಎಂದು ಕೇಳಿದಳು. ಒಳಾಂಗಣ ಎಂದರೆ ಸೂರಿರುವ ದೊಡ್ಡ ಮೈದಾನ ಎಂದೆ. "ಅಂಥಾ ಸೂರಿದ್ರೆ ಅದರ ಕೆಳಗೆ ಟೊಮೆಟೊ ಇಡ್ಬಾರ್ದಾ, ನೆನೆಯೋದಾದ್ರೂ ತಪ್ಪುತ್ತಿತ್ತು" ಎಂದಳು. ಅವಳ ಮಾತಿನಲ್ಲಿ ನ್ಯಾಯವಿದ್ದದ್ದರಿಂದ ನಾನು ವಾದ ಬೆಳೆಸಲಿಲ್ಲ.

ಚೈತ್ರಾಳಿಗೆ ಓಟ ಕಲಿಸಿದ ಮೊದಲ ಗುರು ನಾನೇ. ಈಗ ಬೆಂಗಳೂರಿನ ಹಾಸ್ಟೆಲ್ಲು, ಕೋಚ್ ಮೇಡಂ, ತೂಕ ಮಾಡಿಕೊಡುವ ಊಟ ಎಲ್ಲ ಬಂದಿವೆ. ಆದರೆ ವಕ್ಕಲೇರಿಯ ನಮ್ಮ ಬೀದಿಯಲ್ಲಿ, ನಮ್ಮ ಗೇಟಿನಿಂದ ಹಾಲಿನ ಡೇರಿಯವರೆಗೆ ಅವಳನ್ನು ಓಡಿಸಿದವನು ನಾನು. ಅವಳು ಗೇಟಿನ ಬಳಿ ಬೆರಳು ಊರಿ ಬಗ್ಗುವಳು. ನಾನು ಜಗುಲಿಯ ಮೇಲೆ ನಿಂತು, "ಒಂದ್ಸಲಾ... ಎರಡ್ಸಲಾ..." ಎನ್ನುವೆ. ಮೂರನೆಯದಕ್ಕೆ ಚಪ್ಪಾಳೆ ಬೀಳುವುದಕ್ಕೂ ಅವಳು ಹಾರುವುದಕ್ಕೂ ವ್ಯತ್ಯಾಸವೇ ಕಾಣುತ್ತಿರಲಿಲ್ಲ. ಡೇರಿಗೆ ಹಾಲು ಹಾಕಲು ಹೊರಟವರೆಲ್ಲ ಕ್ಯಾನು ಎತ್ತಿಕೊಂಡು ಗೋಡೆಗೆ ಅಂಟಿ ನಿಲ್ಲುತ್ತಿದ್ದರು. ಹೀಗೆ ವರ್ಷಗಟ್ಟಲೆ ತಯಾರಾದ ಹುಡುಗಿಯನ್ನು ಸೋಲಿಸುವವರು ಯಾರು ಎಂದು ನಾನು ಮಾರುಕಟ್ಟೆಯ ಮಂಡಿಯಲ್ಲೆಲ್ಲ ಹೇಳಿಕೊಂಡು ತಿರುಗಿದೆ.

ಯಾರೂ ಸೋಲಿಸಲಿಲ್ಲ. ರಾಜ್ಯಮಟ್ಟದ ಕೂಟದಲ್ಲಿ ಓಟ ಶುರುಮಾಡುವ ಗನ್ನು ಸದ್ದು ಮಾಡುವ ಮೊದಲೇ ಅವಳು ಎದ್ದು ಓಡಿದಳು. ಕೆಂಪು ಕಾರ್ಡು ತೋರಿಸಿ ಹೊರಗೆ ಕಳಿಸಿದರು. ಮುಂದಿನ ಕೂಟದಲ್ಲೂ ಅದೇ ಕತೆ. ಕೋಚ್ ಮೇಡಂ ಹಣೆ ಹಿಡಿದುಕೊಂಡು, "ಈ ಹುಡುಗಿಗೆ ಸ್ಟಾರ್ಟ್ ಕಲಿಸಿದ ಮಹಾನುಭಾವ ಯಾರು?" ಎಂದರು. ನಾನು ಹೆಮ್ಮೆಯಿಂದ ಎರಡು ಹೆಜ್ಜೆ ಮುಂದೆ ಬಂದು ಕೈ ಮುಗಿದೆ. ಅವರು ಹೊಗಳುತ್ತಿಲ್ಲವೆಂದು ತಿಳಿಯಲು ಸ್ವಲ್ಪ ಹೊತ್ತು ಬೇಕಾಯಿತು. ಗನ್ನು ಹಿಡಿದವನು ಒಂದೊಂದು ಸಲ ಒಂದೊಂದು ಅಳತೆಗೆ ಕಾಯಿಸುತ್ತಾನಂತೆ. ಸದ್ದು ಕೇಳಿ ಏಳಬೇಕೇ ಹೊರತು ಲೆಕ್ಕ ಹಾಕಿ ಏಳಬಾರದಂತೆ. ನನ್ನ ಮಗಳು ಅವನ ಗನ್ನಿಗೆ ಕಾಯುತ್ತಿರಲಿಲ್ಲ, ನನ್ನ ಮೂರಕ್ಕೆ ಏಳುತ್ತಿದ್ದಳು. ನಾನು ಈಗಲೂ ಹೇಳುತ್ತೇನೆ, ತಪ್ಪು ಗನ್ನಿನವನದೇ. ಒಂದು ತಾಳವಿಲ್ಲ, ಒಂದು ಲಯವಿಲ್ಲ. ಅಂಥವನನ್ನು ನಮ್ಮ ಮಂಡಿಯಲ್ಲಿ ನಿಲ್ಲಿಸಿದರೆ ಮಧ್ಯಾಹ್ನದೊಳಗೆ ರೈತರು ಕೊಳೆತ ಟೊಮೆಟೊದಲ್ಲಿ ಅಭಿಷೇಕ ಮಾಡಿ ಕಳಿಸುತ್ತಾರೆ. ಆದರೂ ಮೇಡಂ ನನಗೆ ಟ್ರ್ಯಾಕಿನ ಹತ್ತಿರ ಸುಳಿಯಬೇಡಿ ಎಂದರು. ದೊಡ್ಡವರ ಮಾತು, ಒಪ್ಪಿದೆ.

ಮೇಡಂ ಕೈಯಲ್ಲಿ ಪಳಗಿ, ಈ ವರ್ಷ ಅವಳು ಅಂತರರಾಷ್ಟ್ರೀಯ ಒಳಾಂಗಣ ಕೂಟಕ್ಕೆ ಆಯ್ಕೆಯಾದಳು. ಹೊರಡುವ ಮುಂಚೆ ಮನೆಗೆ ಬಂದವಳು ಎಲ್ಲರ ಕಾಲಿಗೂ ನಮಸ್ಕಾರ ಮಾಡಿ, ನನ್ನ ಪಕ್ಕ ಜಗುಲಿಯ ಮೇಲೆ ಕೂತಳು. "ಅಪ್ಪಾ, ಬಗ್ಗಿ ನಿಂತ್ರೆ ಈಗ್ಲೂ ಕಿವೀಲಿ ನಿಂದೇ ಕೂಗು ಕಣೋ. ಅಲ್ಲೂ ಮುಂಚೆ ಎದ್ಬಿಟ್ರೆ ಅಷ್ಟು ದೂರ ಹೋಗಿ ಒಂದ್ ಹೆಜ್ಜೆನೂ ಓಡ್ದೆ ವಾಪಸ್ ಬರ್ಬೇಕು. ಮತ್ತೆ ಯಾರೂ ಕರ್ಯಲ್ಲ" ಎಂದಳು. ಅವಳ ತಲೆ ಸವರಿದೆ, ಅಷ್ಟೇ.

ಅವಳ ಮೊದಲ ಸುತ್ತಿನ ಓಟ ನಮ್ಮಲ್ಲಿ ಸಂಜೆ ಡೇರಿಗೆ ಹಾಲು ಹಾಕುವ ಹೊತ್ತಿಗೆ. ಬೀದಿಯವರೆಲ್ಲ ನೋಡಬೇಕೆಂದು ನಾನು ಟೀವಿಯನ್ನು ಜಗುಲಿಗೆ ತಂದು, ನಡುಮನೆಯಿಂದ ವೈರು ಎಳೆದು ಏರ್ಪಾಡು ಮಾಡಿದೆ. ಹೆಂಡತಿ ಸರೋಜ, "ಈ ವೈರು ಕಾಲಿಗೆ ಸಿಕ್ಕುತ್ತೆ ಕಣ್ರೀ" ಎಂದಳು. "ನಾನಿಲ್ವಾ?" ಎಂದೆ. ಹಾಲಿನ ಕ್ಯಾನುಗಳ ಸಮೇತ ಜನ ಬಂದರು. ಮಂಡಿಯ ಹಳೇ ಬಾಕ್ಸುಗಳನ್ನು ರಿಪೇರಿ ಮಾಡುವ ಪಕ್ಕದ ಮನೆಯ ಬಾಷು ಭಾಯ್ ಕುರ್ಚಿ ತಂದು ಮುಂದಿನ ಸಾಲಿನಲ್ಲೇ ಕೂತರು. ನನಗೆ ಕೂತು ನೋಡಿ ಅಭ್ಯಾಸವಿಲ್ಲ. ಒಂದು ಬಾಕ್ಸು ಬೋರಲು ಹಾಕಿ ಅದರ ಮೇಲೆ ನಿಂತೆ. ಅಮ್ಮ, ಒಲೆಯಿಂದ ಪಾತ್ರೆ ಇಳಿಸುವ ಕೆಂಪು ಬಟ್ಟೆಯನ್ನು ಕೈಯಲ್ಲಿ ಹಿಡಿದುಕೊಂಡೇ ಬಂದು ಬಾಗಿಲಿಗೆ ಒರಗಿದಳು.

ತೆರೆಯ ಮೇಲೆ ಚೈತ್ರಾ ಬಂದಾಗ ಬೀದಿ ಹೋ ಎಂದಿತು. ಅಕ್ಕಪಕ್ಕದ ಲೇನಿನ ಹುಡುಗಿಯರು ಅವಳಿಗಿಂತ ಒಂದು ಗೇಣು ಎತ್ತರ. ಎಲ್ಲರೂ ಬಗ್ಗಿದರು, ಸೊಂಟ ಎತ್ತಿದರು. ಅಷ್ಟರಲ್ಲಿ ಯಾರೋ ಮುಂಚೆ ಎದ್ದುಬಿಟ್ಟರು! ನಮ್ಮವಳೇ ಅಂದುಕೊಂಡೆ. ಎದ್ದದ್ದು ಕೊನೆಯ ಲೇನಿನ ಹುಡುಗಿ. ಅಧಿಕಾರಿಯೊಬ್ಬಳು ಬಂದು ಕೆಂಪು ಕಾರ್ಡು ತೋರಿಸಿದಳು; ಪಾಪ, ಆ ಮಗು ಕಣ್ಣೊರೆಸಿಕೊಳ್ಳುತ್ತಾ ಹೊರಗೆ ನಡೆಯಿತು. "ಅಯ್ಯೋ ಪಾಪಂ, ಇನ್ನೊಂದ್ಸಲ ಬಿಡಲ್ವೇನೋ?" ಎಂದು ಅಮ್ಮ ಕೇಳಿದಳು. "ಒಂದ್ಸಲ ಎದ್ರೆ ಮುಗೀತಮ್ಮ. ಇಂಟರ್‌ನ್ಯಾಷನಲ್ ರೂಲ್ಸು" ಎಂದು ನಾನು ಎಲ್ಲರಿಗೂ ಕೇಳುವಂತೆ ವಿವರಿಸಿದೆ.

ಮತ್ತೆ ಬಗ್ಗಿದರು. ಬೀದಿಯಲ್ಲಿ ಒಂದು ಹಸುವೂ ಕೂಗಲಿಲ್ಲ. ಮತ್ತೆ ಸೊಂಟ ಎತ್ತಿದರು. ಗನ್ನಿಗೆ ಕಾಯಮ್ಮಾ, ಕಾಯಿ ಎಂದು ಮನಸ್ಸಿನಲ್ಲೇ ಬೇಡಿಕೊಳ್ಳುತ್ತಿದ್ದೆ. ಆದರೆ ನನ್ನ ಕೈಗಳಿಗೆ ಬೇಡಿಕೊಳ್ಳುವುದು ಗೊತ್ತಿಲ್ಲ, ಅವಕ್ಕೆ ಗೊತ್ತಿರುವುದು ಮಂಡಿಯ ಕೆಲಸ ಒಂದೇ. ಒಳಗಿನಿಂದ ಮೂರು ಬಂತು. "ಮೂರ್ಸಲಾ!" ಎಂದು ಕೂಗಿ, ಚಪ್ಪಾಳೆ ತಟ್ಟಿ, ಬಾಕ್ಸಿನಿಂದ ಹಾರಿದೆ. ಕಾಲು ವೈರಿನಲ್ಲಿ ಸಿಕ್ಕಿ ಬಿದ್ದೆ, ಟೀವಿ ಕಪ್ಪಾಯಿತು, ಯಾರದೋ ಹಾಲಿನ ಕ್ಯಾನು ಉರುಳಿತು. ಗನ್ನು ಇನ್ನೂ ಸದ್ದು ಮಾಡಿರಲಿಲ್ಲ.

"ಕೈಕು ಉಠೇ ಮಿಯಾ!" ಎಂದು ಬಾಷು ಭಾಯ್ ತಲೆ ಚಚ್ಚಿಕೊಂಡರು. ಯಾಕೆ ಎದ್ದೆ ಎಂದು ನನಗೇ ತಿಳಿದಿದ್ದರೆ ಹೇಳುತ್ತಿದ್ದೆ. ಅರವತ್ತು ಮೀಟರ್ ಓಟದಲ್ಲಿರುವ ಒಂದೇ ದೋಷವೆಂದರೆ, ಬಿದ್ದವನು ಎದ್ದು ಪ್ಲಗ್ಗು ಹಾಕುವಷ್ಟರಲ್ಲಿ ಅದು ಮುಗಿದಿರುತ್ತದೆ. ಟೀವಿಗೆ ಮತ್ತೆ ಜೀವ ಬಂದಾಗ ಹೆಸರುಗಳ ಪಟ್ಟಿ ಕಂಡಿತು. ನಮ್ಮ ಹುಡುಗಿ ಮೂರನೆಯವಳು. ಸೆಮಿಫೈನಲ್‌ಗೆ ಆಯ್ಕೆ! ಬೀದಿಯವರೆಲ್ಲ ಕುಣಿದರು. ನಾನು ಚೆಲ್ಲಿದ ಹಾಲಿನಲ್ಲೇ ಕೂತು ಅತ್ತೆ. ಅದಕ್ಕೆ ನನಗೇನೂ ನಾಚಿಕೆಯಿಲ್ಲ.

ಸ್ವಲ್ಪ ಹೊತ್ತಿಗೆ ಅವಳದೇ ಫೋನು. ಏದುಸಿರು ಇನ್ನೂ ಇಳಿದಿರಲಿಲ್ಲ. "ಅಪ್ಪಾ, ಕಿವೀಲಿ ನಿನ್ನ ಮೂರು ಬಂತು ಕಣೋ, ಬಿಟ್ಬಿಟ್ಟೆ. ಹೋಗ್ಲಿ ಅಂತ ಬಿಟ್ಟೆ. ಆಮೇಲೆ ಗನ್ನು ಬಂತು. ನೋಡ್ದೆ ತಾನೆ?"

"ನೋಡ್ದೆ ಕಣಮ್ಮ, ಪೂರ್ತಿ ನೋಡ್ದೆ. ಏನು ಓಟ, ಏನು ಓಟ! ಆ ಕೊನೇಲಿ ಗೆರೆಗೆ ಎದೆ ಕೊಟ್ಟೆಯಲ್ಲ..." ಎಂದು ನಾನು ಆರಂಭಿಸಿದ್ದೆ. ಹಿಂದಿನಿಂದ ಅಮ್ಮ, "ನೋರು ಮುಯ್ಯರಾ!" ಎಂದು ಗದರಿ ಫೋನು ಕಿತ್ತುಕೊಂಡಳು. ಬಾಯಿ ಮುಚ್ಚು ಎಂದು ಹೇಳಲು ತೆಲುಗಿನಷ್ಟು ಒದಗುವ ಭಾಷೆ ಇನ್ನೊಂದಿಲ್ಲ. ನಡೆದದ್ದನ್ನೆಲ್ಲ ಅವಳು ಮೊಮ್ಮಗಳಿಗೆ ಒಂದಕ್ಕೆರಡು ಸೇರಿಸಿ ಹೇಳಿದಳು. ಆ ಕಡೆಯಿಂದ ಮಗಳು ನಕ್ಕ ನಗೆ ಜಗುಲಿಯಲ್ಲಿದ್ದವರಿಗೆಲ್ಲ ಕೇಳಿಸಿತು.

ಸೆಮಿಫೈನಲ್ ಅಂದು ಸಂಜೆಯೇ, ಸ್ವಲ್ಪ ಹೊತ್ತಿನ ಮೇಲೆ ಇತ್ತು. ನಾನು ಬಾಕ್ಸನ್ನು ಸರಿಮಾಡಿ ಹತ್ತಲು ಹೋದೆ. ಅಮ್ಮ ಎದುರು ಬಂದು ನಿಂತು, ಕೆಂಪು ಬಟ್ಟೆಯನ್ನು ನನ್ನ ಮುಖದ ಮುಂದೆ ಎತ್ತಿ ಹಿಡಿದಳು. ಸರೋಜ ನನ್ನ ಎರಡೂ ಕೈಗೆ ಒಂದೊಂದು ಕ್ಯಾನು ಕೊಟ್ಟಳು. ಬಾಷು ಭಾಯ್ ಚಪ್ಪಲಿ ತಂದು ಕಾಲ ಬಳಿ ಇಟ್ಟರು. ನಾನು ಯಾರೊಂದಿಗೂ ವಾದಿಸದೆ, ಮಗಳು ಮೊದಲು ಓಡಿದ ಅದೇ ಬೀದಿಯಲ್ಲಿ ಡೇರಿಗೆ ನಡೆದು ಹೋದೆ. ಅವಳು ಫೈನಲ್‌ಗೆ ಹೋಗಲಿಲ್ಲ, ಸ್ವಲ್ಪದರಲ್ಲಿ ತಪ್ಪಿತು. ಆದರೆ ತನ್ನ ಜೀವಮಾನದಲ್ಲೇ ಅತಿ ವೇಗವಾಗಿ ಓಡಿದ್ದಳೆಂದು ಆಮೇಲೆ ತಿಳಿಯಿತು. ಆಗ ನನಗೆ ಏನೂ ತಿಳಿದಿರಲಿಲ್ಲ. ಡೇರಿಯ ಮೆಟ್ಟಿಲ ಮೇಲೆ, ಕೈಗಳೆರಡನ್ನೂ ತೊಡೆಯ ಕೆಳಗೆ ಹಾಕಿಕೊಂಡು ಕೂತಿದ್ದೆ. ಹಾಲು ಅಳೆಯುವವನು ಹೊರಗೆ ಬಂದು ನೋಡಿ, "ಏನಣ್ಣಾ, ಊರೋರೆಲ್ಲಾ ನಿಮ್ಮನೆ ಮುಂದೆ ಮಗಳ ಓಟ ನೋಡ್ತವ್ರೆ, ನೀನೊಬ್ನೇ ಇಲ್ಲಿ ಕೂತಿದ್ಯಲ್ಲ?" ಎಂದ.

"ಡಿಸ್‌ಕ್ವಾಲಿಫೈ ಆಗಿದೀನಿ ಕಣಪ್ಪ" ಎಂದೆ.