ಎಡೆ ಇಡದೆ ಉಳಿದ ಮುತ್ತಜ್ಜ

ಹಳೆ ಪುಸ್ತಕ ಕೂಡಿಡುವವನಿಗೆ ಹಳೆ ಮನುಷ್ಯರೂ ಗೊತ್ತಿರಬೇಕು ಎಂಬ ನಂಬಿಕೆ ನಮ್ಮ ಕಡೆ ಹೇಗೆ ಹುಟ್ಟಿತೋ ಕಾಣೆ. ಕೊಪ್ಪಳ ಜಿಲ್ಲೆಯಾದ ಹೊಸದರಲ್ಲಿ, ಮಾಸ್ತರನಾಗಿದ್ದ ನಾನು ರಜೆ ಬಂದರೆ ಹಿಂದಿನ ಕಾಲದ ಅಚ್ಚಿನ ಪುಸ್ತಕ ಹುಡುಕುತ್ತ ಊರೂರು ತಿರುಗುತ್ತಿದ್ದೆ. ಪುಸ್ತಕಕ್ಕಿಂತ ಪ್ರಸಂಗಗಳೇ ಹೆಚ್ಚು ಸಿಕ್ಕವು.

೧. ನೈವೇದ್ಯ

ಗಂಗಾವತಿಯ ಒಂದು ಮನೆಯಲ್ಲಿ ಅಜ್ಜನ ಕಾಲದ ಬಯಲಾಟದ ಪುಸ್ತಕ ಇದೆ ಎಂದು ತಿಳಿದು ಹೋದೆ. ಯಜಮಾನರು ದೇವರ ಜಗಲಿಯಿಂದ ಕೆಂಪು ಬಟ್ಟೆಯ ಗಂಟು ಇಳಿಸಿದರು. ವರ್ಷವರ್ಷ ಎಣ್ಣೆ, ಕುಂಕುಮ ಕುಡಿದು ಪುಸ್ತಕ ಇಟ್ಟಿಗೆಯಂತಾಗಿತ್ತು.

"ಯಾವಾಗರ ತೆಗೆದು ಓದೀರೇನ್ರಿ?"

"ಓದಿದ್ರ ಹರೀತೈತ್ರಿ. ಅದಕ್ಕ ಪೂಜಾ ಮಾಡ್ತೀವಿ."

ಮೆಲ್ಲಗೆ ಬಿಡಿಸಿದೆ. ಒಳಗಿನ ಹಾಳೆಗಳನ್ನೆಲ್ಲ ಹುಳ ತಿಂದಿತ್ತು. ನನಗೆ ಅಳುವೇ ಬಂತು. ಯಜಮಾನರು ಮಾತ್ರ ಕೈಮುಗಿದರು. "ಪೂಜಾ ಸುಳ್ಳಾಗಿಲ್ಲ ನೋಡ್ರಿ ಸರ. ದೇವರು ಉಂಡಾನ."

೨. ಹುಲಿಗೆಪ್ಪ

ಇಂಥ ನನ್ನನ್ನು ಹುಡುಕಿಕೊಂಡು ದಕ್ಷಿಣ ಆಫ್ರಿಕಾದ ಡರ್ಬನ್ನಿನಿಂದ ಅರವತ್ತು ದಾಟಿದ ಹೆಣ್ಣುಮಗಳೊಬ್ಬರು ಬಂದರು. ಅವರ ಮುತ್ತಜ್ಜ ಕಬ್ಬಿನ ತೋಟದ ಕೂಲಿಗೆಂದು ಹಡಗು ಹತ್ತಿದವನು. ಹೆಸರು ಹುಲಿಗೆಪ್ಪ, ಅಣ್ಣನ ಜೊತೆ ಜಗಳಾಡಿ ಅರ್ಧ ಊಟಕ್ಕೆ ಎದ್ದು ಹೋದವನು. ಗೊತ್ತಿದ್ದುದು ಇಷ್ಟೇ. ಸಾಯುವುದರೊಳಗೆ ತನ್ನವರು ಅಂತ ಒಬ್ಬರಾದರೂ ಸಿಗಬೇಕು ಎಂದರು.

ಆ ಹೆಸರಿಗೆ ಮೂಲವಾದ ದೇವಿಯ ಊರು ಹುಲಿಗಿ. ಅಲ್ಲಿಯ ಚಹಾದಂಗಡಿಯಲ್ಲಿ ನಿಂತು, "ಹುಲಿಗೆಪ್ಪ ಅನ್ನವರು ಯಾರರ ಅದಾರೇನ್ರಿ?" ಎಂದು ಕೇಳಿದೆ. ಬೆಂಚಿಗೆ ಬೆಂಚೇ ಎದ್ದು ನಿಂತಿತು. ಚಹಾ ಸೋಸುತ್ತಿದ್ದವನು, "ನಾನೂ ಹುಲಿಗೆಪ್ಪನ ರೀ, ಆದ್ರ ಕೈ ಬಿಡುವಿಲ್ಲ" ಎಂದ.

೩. ಡರ್ಬನ್ ಬಸ್ಸು

ಕೊನೆಗೆ ಕುಷ್ಟಗಿಯಲ್ಲಿ ಒಬ್ಬ ಹೆಳವ ಸಿಕ್ಕ. ಮನೆಮನೆಗೆ ಹೋಗಿ ಆ ಮನೆತನದ ಹಿರಿಯರ ಹೆಸರು ಹಾಡಿ ಹೇಳುವುದು ಹೆಳವರ ಕಸುಬು. ಕಡಲು ದಾಟಿದ ಹುಲಿಗೆಪ್ಪ ಬೇವೂರಿನವನು ಎಂದು ಮನೆಯ ಗುರುತು ಕೊಟ್ಟ. ಆಮೇಲೆ ಈಕೆಯ ಮಕ್ಕಳು ಮೊಮ್ಮಕ್ಕಳ ಹೆಸರನ್ನೂ ಬಾಯಿಪಾಠ ಮಾಡಿಕೊಂಡು ಚಿಂತೆಗೆ ಬಿದ್ದ.

"ವಂಶ ಹೇಳಾಕ ಇನ್ನ ನಿಮ್ಮ ಮನಿಗೂ ಬರಬೇಕಾತಲ್ರೀ ತಾಯಿ. ಡರ್ಬನ್ ಬಸ್ಸು ಇಲ್ಲೇ ಸಿಗತೈತೋ, ಹೊಸಪೇಟಿಗೆ ಹೋಗಬೇಕೋ?"

೪. ಹುಲಿಗೆಪ್ಪನ ಜಳಕ

ಬೇವೂರಿನ ಆ ಮನೆಯ ಕಟ್ಟೆಯ ಮೇಲೆ ಒಬ್ಬ ಹಣ್ಣುಹಣ್ಣು ಮುದುಕಿ ಕೂತಿದ್ದಳು. ಹುಲಿಗೆಪ್ಪನ ಹೆಸರು ಹೇಳಿದೆ.

"ನಮ್ಮ ಮಾವನ ಕಾಕಾ? ಅರ್ಧ ಊಟಕ್ಕ ಎದ್ದು ಹೋದಾಂವೇನು?"

ಅದನ್ನು ನಾನು ಇಂಗ್ಲಿಷಿನಲ್ಲಿ ತಿಳಿಸಿ ಹೇಳುತ್ತಲೇ ಡರ್ಬನ್ನಿನವರ ಕಣ್ಣು ತುಂಬಿದವು. ಮುದುಕಿ ಕೇಳಿದಳು, "ಈಗ ಹೆಂಗದಾನ?"

ತೀರಿಕೊಂಡು ಎಷ್ಟೋ ಕಾಲವಾಯಿತು ಎಂದೆ. ಮುದುಕಿ ಸೆರಗು ತಲೆಯ ಮೇಲೆ ಎಳೆದುಕೊಂಡಳು. "ಸುದ್ದಿನ ಬರಲಿಲ್ಲಲ್ರೀ. ಹಿರೇರ ಹಬ್ಬಕ್ಕ ಎಲ್ಲಾರಿಗೂ ಎಡಿ ಇಟ್ಟೀವಿ, ಅವಗ ಇಟ್ಟಿಲ್ಲ. ಜೀವಂತ ಇದ್ದಾವಗ ಹೆಂಗ ಇಡೂದು?"

ಸಾವಿನ ಸುದ್ದಿ ಕೇಳಿದ ಮೇಲೆ ಮನೆಯವರು ತಲೆಗೆ ನೀರು ಹಾಕಿಕೊಳ್ಳಬೇಕು. ಮುದುಕಿ ಇಡೀ ಮನೆಯನ್ನು ಬಚ್ಚಲಿಗೆ ಅಟ್ಟಿದಳು.

"ಈಗರ ಜಳಕ ಮಾಡೇನಿ ಬೇ" ಎಂದು ಮೊಮ್ಮಗ ಗೊಣಗಿದ.

"ಅದು ನಿಂದು. ಇದು ಹುಲಿಗೆಪ್ಪಂದು."

ನಾನೂ ಮರ್ಯಾದೆಗೆಂದು ಅಂಗಿಯ ಗುಂಡಿ ಬಿಚ್ಚತೊಡಗಿದೆ. ಮುದುಕಿ ತಡೆದಳು. "ನಿಮಗ್ಯಾಕ್ರಿ ಮಾಸ್ತರ? ನೀವು ಹೊರಗಿನವರು." ಆಮೇಲೆ ಡರ್ಬನ್ನಿನವರ ಕೈ ಹಿಡಿದು ಒಳಗೆ ಕರೆದೊಯ್ದು, "ಈಕಿ ಮನಿಯಾಕಿ, ಮೊದಲ ಈಕಿಗೆ ಹಾಕ್ರಿ" ಎಂದಳು. ಆಕೆ ಸೀರೆಸಮೇತ ತೊಯ್ದು, ನಗುತ್ತಲೂ ಅಳುತ್ತಲೂ ಹೊರಬಂದರು. ಎಲ್ಲೂ ಸೇರದೆ ಒಣಗಿ ನಿಂತವನು ನಾನೊಬ್ಬನೇ.

ಸಂಜೆ ಎಡೆ ಬಡಿಸುವಾಗ ಸೊಸೆ ಎರಡು ಹೋಳಿಗೆ ಇಟ್ಟು ಕೈ ಹಿಂದೆ ತೆಗೆದಳು. ಮುದುಕಿ ಗದರಿದಳು:

"ಇನ್ನೆರಡು ಹಾಕಬೇ. ಅರ್ಧಕ್ಕ ಎದ್ದು ಹ್ವಾದಾಂವ, ಭಾಳ ಹಸ್ದಿರ್ತಾನ."