ಅರ್ಧ ಮೀಸೆಯ ತಿದ್ದುಪಡಿ

ತಪ್ಪೆಲ್ಲ ಒಂದು ಶಟರಿನದು. ಅದು ಮುಚ್ಚಿದ್ದನ್ನು ಅಂಕಣದಣ್ಣ ಬಸ್ಸಿನ ಕಿಟಕಿಯಿಂದ ನೋಡಿದ. ಮನೆಗೆ ಹೋಗಿ ‘ಕತ್ತರಿಯ ಕೊನೆಯುಸಿರು’ ಎಂದು ಬರೆದ. ಊರಿನ ಅತಿ ಹಳೆಯ ಕಟಿಂಗ್ ಶಾಪ್ ಮುಚ್ಚಿತು, ಒಂದು ಯುಗವೇ ಮುಗಿಯಿತು, ಹಾಗೆ ಹೀಗೆ. ಈ ಮಹಾಶಯ ಪತ್ರಿಕೆಯಲ್ಲಿ ತನ್ನ ಊರಿನ ಬಗ್ಗೆ ವಾರವಾರ ಬರೆದೇ ತಲೆ ನರೆಸಿಕೊಂಡವನು. ಬಸ್ಸಿನಿಂದ ಇಳಿದು ಊರು ನೋಡುವ ಚಟ ಮಾತ್ರ ಇರಲಿಲ್ಲ. ಅಂದು ಅಂಗಡಿಗೆ ವಾರದ ರಜೆ.

ಅಂಕಣ ಅಚ್ಚಾದ ದಿನ ಹೆಂಡತಿಯೇ ಸುದ್ದಿ ತಂದಳು. “ರೀ, ನೀವು ಸಾಯಿಸಿದ ಅಂಗಡಿ ಬಾಗಿಲು ತೆಗೆದಿದೆಯಂತೆ. ಹೋಗಿ ಕೈಮುಗಿದು ಬನ್ನಿ. ಸಂಜೆ ಅದರ ಎದುರಿನ ಸಭಾಂಗಣದಲ್ಲೇ ನಿಮಗೆ ‘ನಗರದ ಕಣ್ಣು’ ಅಂತ ಬಿರುದು ಕೊಡೋದು. ಆ ಅಂಗಡಿಯವನು ಸ್ಟೇಜ್ ಹತ್ತಿದ್ರೆ, ಕಣ್ಣಿಗೆ ಪೊರೆ ಬಂದಿದೆ ಅಂತ ಊರಿಗೆಲ್ಲ ಗೊತ್ತಾಗುತ್ತೆ.”

ಅಂಗಡಿಯ ಮುಂದೆ ಬೀದಿ ತಿರುವಿನವರೆಗೆ ಸಾಲು. ಎಲ್ಲರೂ ಅಂಕಣ ಓದಿ ಕಡೇ ಕಟಿಂಗಿಗೆ ಬಂದವರು. ಬೋಳುತಲೆಯವರೂ ಇದ್ದರು.

“ಬನ್ನಿ ಸಾರ್, ನಿಮಗೆಂಥ ಸರದಿ,” ಎಂದು ಕ್ಷೌರಿಕ ಅವನನ್ನು ಕುರ್ಚಿಗೆ ಒತ್ತಿ ಕೂರಿಸಿದ. ಸೋಪು ಬಳಿದ. ಎರಡೇ ಎಳೆತಕ್ಕೆ, ವಾರವಾರ ಅಂಕಣದ ನೆತ್ತಿಯ ಮೇಲೆ ಫೋಟೋದಲ್ಲಿ ಅಚ್ಚಾಗುತ್ತಿದ್ದ ಆ ಪ್ರಸಿದ್ಧ ಮೀಸೆಯ ಬಲಭಾಗ ಹೋಯಿತು.

“ಅಯ್ಯೋ ಮಾರಾಯ, ಏನು ಮಾಡಿದೆ? ಹೋಗ್ಲಿ, ಇನ್ನರ್ಧನೂ ತೆಗೆದುಬಿಡು.”

“ಸತ್ತವನು ಇಷ್ಟು ಮಾಡಿದ್ದೇ ಹೆಚ್ಚು ಸಾರ್. ಬೀಗರು ಬಂದು ಅತ್ತು ಹೋದ್ರು. ಅಳಿಯ ನನಗೆ ಕೆಲಸ ಹುಡುಕಿ ಕೊಡ್ತಾನಂತೆ. ಮೊದ್ಲು ನನ್ನ ಬದುಕಿಸಿ. ಆಮೇಲೆ ಮೀಸೆ.”

ಅಂಕಣದಣ್ಣ ಸೋಪಿನ ಬಾಯಲ್ಲೇ ಸಂಪಾದಕರಿಗೆ ಫೋನ್ ಮಾಡಿದ. ಅವರು ಬೈದರು. ಬೈದು, ‘ಅಂಗಡಿ ಮುಚ್ಚಿಲ್ಲ, ಮುಚ್ಚುವುದೂ ಇಲ್ಲ’ ಎಂದು ಪತ್ರಿಕೆಯ ವೆಬ್‌ಸೈಟಿನಲ್ಲಿ ಹಾಕಿಸಿದರು.

ಸಾಲಿನಲ್ಲಿ ಮೊಬೈಲುಗಳು ಕಿಣಿಕಿಣಿ ಎಂದವು.

“ಮುಚ್ಚಲ್ವಂತೆ ಕಣ್ರೀ.”

“ಹಂಗಾದ್ರೆ ಮುಂದಿನ ತಿಂಗಳು ನೋಡೋಣ ಬಿಡಿ.”

ಬೆಲ್ಲ ಎತ್ತಿದ ಮೇಲೆ ಇರುವೆ ಚದುರಿದಂತೆ ಸಾಲು ಚದುರಿತು. ಕ್ಷೌರಿಕ ಖಾಲಿ ಬೀದಿ ನೋಡಿದ. ಕತ್ತಿ ಮಡಚಿದ.

“ಸಾರ್, ನನ್ನ ಮತ್ತೆ ಸಾಯಿಸಿ.”

ಮತ್ತೆ ಫೋನ್. “ಬೆಳಿಗ್ಗೆ ಸಾಯಿಸಿದ್ರಿ, ಈಗ ತಾನೆ ಬದುಕಿಸಿದ್ರಿ,” ಎಂದರು ಸಂಪಾದಕರು. “ಇನ್ನು ಏನಾದ್ರೂ ಸಾಯೋದಿದ್ರೆ ಅದು ನಿಮ್ಮ ಅಂಕಣ.” ಫೋನ್ ಕುಕ್ಕಿದರು.

ಕ್ಷೌರಿಕ ತಲೆ ಕೆಡಿಸಿಕೊಳ್ಳಲಿಲ್ಲ. ಸೀಮೆಸುಣ್ಣ ತೆಗೆದು ಬಾಗಿಲ ಮೇಲೆ ತಾನೇ ಬರೆದ: ‘ಇಂದೇ ಕಡೆ’. ಸುದ್ದಿ ಮುಟ್ಟಿದ್ದೇ, ಮೂಲೆ ತಿರುಗಿದ್ದವರೆಲ್ಲ ಓಡೋಡಿ ಬಂದರು.

“ಏಳಿ ಸಾರ್, ಗಿರಾಕಿಗಳು ಕಾಯ್ತಿದ್ದಾರೆ.”

“ನನ್ನ ಮೀಸೆ?”

“ನೀವು ಸಾಯ್ಸಿಲ್ವಲ್ಲ, ನಾನೇ ಸತ್ತೆ. ಸರದೀಲಿ ಬನ್ನಿ.”

ಸಾಲಿನ ತುದಿ ಸಭಾಂಗಣದ ಮೆಟ್ಟಿಲಿಗೆ ತಾಗಿತ್ತು. ಸಂಜೆಯಾಯಿತು. ಒಳಗೆ ಮೈಕು, “ನಗರದ ಕಣ್ಣು ಎಲ್ಲಿದ್ದರೂ ವೇದಿಕೆಗೆ ಬರಬೇಕು,” ಎಂದು ಕೂಗುತ್ತಿತ್ತು. ಅಂಕಣದಣ್ಣ ಮೂಗಿನಿಂದ ಕೆಳಗೆ ಪತ್ರಿಕೆ ಹಿಡಿದು ನಿಂತಿದ್ದ. ಮುಂದೆ ನಿಂತಿದ್ದ ಬೋಳುತಲೆಯವರೊಬ್ಬರು ತಿರುಗಿ ನೋಡಿ, ಅದರಲ್ಲಿದ್ದ ಫೋಟೋ ಮೇಲೆ ಬೆರಳಿಟ್ಟರು.

“ಪುಣ್ಯಾತ್ಮ ಎಷ್ಟು ಚೆನ್ನಾಗಿ ಬರ್ದಿದ್ದಾನೆ. ಮೀಸೆ ನೋಡಿ, ಇವನೂ ಇಲ್ಲೇ ಮಾಡಿಸ್ಕೊಳ್ತಾನೆ ಅನ್ಸುತ್ತೆ.”